ಕೊನೆಯ ಎಂಟು ವರ್ಷದ ಆಚೆಗಿನ ಅಮ್ಮ

ಪ್ರಶ್ನೆ: ಡಾಕ್ಟರೇ, ನನಗೆ 53 ವರ್ಷ, ಹಾಸನದವಳು. ಹೆಸರು ಹಾಕಬೇಡಿ. ಮುಂದಿನ ತಿಂಗಳಿಗೆ ನಮ್ಮಮ್ಮ ಹೋಗಿ ವರ್ಷವಾಗುತ್ತದೆ. ಎಂಟು ವರ್ಷ ಅಲ್ಜೈಮರ್ಸ್ ಇತ್ತು. ಕೊನೆಯ ಎರಡು ವರ್ಷ ಹಾಸಿಗೆ ಬಿಟ್ಟು ಏಳಲಿಲ್ಲ. ನಾನು ಹೈಸ್ಕೂಲಿನಲ್ಲಿದ್ದಾಗಲೇ ಅಪ್ಪ ತೀರಿಕೊಂಡಿದ್ದರು. ಅಮ್ಮ ಊರವರ ರವಿಕೆ ಹೊಲಿದು ನನ್ನನ್ನೂ ಅಣ್ಣನನ್ನೂ ಓದಿಸಿದವಳು. ಮಂಚಕ್ಕೆ ಜಾಗ ಸಾಲದೆ ಅವಳ ಕಾಲ್ಮಿಷನ್ನನ್ನು ನಾನೇ ಮಹಡಿ ಮೇಲಿನ ರೂಮಿಗೆ ಸಾಗಿಸಿದೆ. ಅಣ್ಣ 25 ವರ್ಷದಿಂದ ಅಮೆರಿಕದಲ್ಲಿದ್ದಾನೆ. ದುಡ್ಡಿಗೆ ಯಾವತ್ತೂ ಕಡಿಮೆ ಮಾಡಲಿಲ್ಲ. ನೋಡಿಕೊಂಡಿದ್ದು ನಾನು.

ನನ್ನ ಕಷ್ಟ ಏನೆಂದರೆ, ಕಣ್ಣು ಮುಚ್ಚಿದರೆ ಬರುವುದೆಲ್ಲ ಕಾಯಿಲೆಯ ಅಮ್ಮನೇ. ಮೂಗಿನಲ್ಲಿ ಪೈಪು, ತೆರೆದ ಬಾಯಿ, ದಿನವಿಡೀ ಹೊದಿಕೆಯ ಅಂಚನ್ನು ಮಡಿಸಿ ಮಡಿಸಿ ಉಗುರಿನಲ್ಲಿ ಗೀರುತ್ತಿದ್ದ ಆ ಕೈ. ಅದಕ್ಕೆ ಮುಂಚಿನ ಅಮ್ಮ ಬರುವುದೇ ಇಲ್ಲ. ಅಣ್ಣ ಫೋನಿನಲ್ಲಿ ‘ಅಮ್ಮ ಹಾಗನ್ನೋಳು, ಹೀಗೆ ನಗೋಳು’ ಅಂತ ಅಳುತ್ತಾನೆ. ನನಗೆ ಯಾರದೋ ತಾಯಿಯ ಕಥೆ ಕೇಳಿದಂತಾಗುತ್ತದೆ, ಸಿಟ್ಟೂ ಬರುತ್ತದೆ. ಅವಳು ಹೋದ ದಿನ ನಾನು ಅಳಲಿಲ್ಲ. ಮಣ್ಣು ಮಾಡಿ ಬಂದ ರಾತ್ರಿ ಎಂಟು ಗಂಟೆ ನಿದ್ದೆ ಮಾಡಿದೆ. ಇನ್ನೊಂದು ಹೇಳಬೇಕು. ಒಂದು ರಾತ್ರಿ ಮೂರನೇ ಸಲ ಬಟ್ಟೆ ಬದಲಿಸುವಾಗ ಅವಳು ನನ್ನ ಜುಟ್ಟು ಹಿಡಿದು ಎಳೆದಳು. ನಾನು ಅವಳ ಕೈ ಮೇಲೆ ಹೊಡೆದುಬಿಟ್ಟೆ. ‘ಅಮ್ಮಾ, ಹೊಡೀಬ್ಯಾಡ ಕಣಮ್ಮಾ’ ಅಂದಳು. ನನ್ನನ್ನೇ ಅವಳ ತಾಯಿ ಅಂದುಕೊಂಡಿದ್ದಳು. ಇದನ್ನು ಯಾರಿಗೂ ಹೇಳಿಲ್ಲ.

ವರ್ಷದ ತಿಥಿಗೆ ಅಣ್ಣ ಬರುತ್ತಿದ್ದಾನೆ. ‘ಅಮ್ಮನ ಬಗ್ಗೆ ನಾಲ್ಕು ಪುಟ ಬರೆದುಕೊಡು, ಅಚ್ಚು ಹಾಕಿಸಿ ಬಂದವರಿಗೆ ಕೊಡೋಣ’ ಅಂತಾನೆ. ಏನು ಬರೆಯಲಿ? ಇದು ಕಾಯಿಲೆಯಾ? ನನಗೂ ಮರೆವು ಶುರುವಾಗಿದೆಯಾ?

ಉತ್ತರ: ಕೊನೆಯ ಪ್ರಶ್ನೆಯಿಂದಲೇ ಶುರುಮಾಡುತ್ತೇನೆ, ಏಕೆಂದರೆ ಆ ಭಯ ಒಳಗಿರುವ ತನಕ ಉಳಿದ ಮಾತು ಕಿವಿಗೆ ಇಳಿಯುವುದಿಲ್ಲ. ನಿಮ್ಮ ಪತ್ರದಲ್ಲಿ ಮರೆವಿನ ಕಾಯಿಲೆಯ ಲಕ್ಷಣ ನನಗೆ ಕಾಣಲಿಲ್ಲ. ಅಲ್ಜೈಮರ್ಸ್ ಬಂದವರಿಗೆ ಮೊದಲು ಕೈಬಿಡುವುದು ನಿನ್ನೆ ಮೊನ್ನೆಯದು. ನಲವತ್ತು ವರ್ಷ ಹಿಂದಿನದು ಬಹಳ ಕಾಲ ಗಟ್ಟಿಯಾಗಿ ಉಳಿಯುತ್ತದೆ. ಕೊನೆಗೆ ಬಂದದ್ದು ಮೊದಲು ಹೋಗುತ್ತದೆ ಎಂದು ಫ್ರಾನ್ಸಿನ ಮನಶ್ಶಾಸ್ತ್ರಜ್ಞ ತೆಯೊಡ್ಯೂಲ್ ರಿಬೊ 1881ರಲ್ಲೇ ಬರೆದಿದ್ದಾರೆ. ನಿಮ್ಮದು ಪೂರ್ತಿ ಉಲ್ಟಾ: ಹತ್ತಿರದ್ದು ಕಣ್ಣಿಗೆ ಕಟ್ಟಿದ ಹಾಗಿದೆ, ಹಳೆಯದು ಬಾಗಿಲು ಹಾಕಿಕೊಂಡಿದೆ. ತಾಯಿಗಿದ್ದರೆ ಮಕ್ಕಳಿಗೆ ಬರುವ ಸಾಧ್ಯತೆ ಸ್ವಲ್ಪ ಹೆಚ್ಚು, ನಿಜ. ಆದರೆ 65 ದಾಟಿದ ಮೇಲೆ ಬರುವ ಅಲ್ಜೈಮರ್ಸ್, ತಾಯಿಯಿಂದ ಮಗಳಿಗೆ ಬಂದೇ ತೀರುವ ಆಸ್ತಿಯಲ್ಲ. ಬಿ.ಪಿ., ಸಕ್ಕರೆ ನೋಡಿಸಿಕೊಳ್ಳಿ, ಜೊತೆಗೆ ಕಿವಿ, ಕಣ್ಣು. ಲ್ಯಾನ್ಸೆಟ್ ಎಂಬ ವೈದ್ಯಕೀಯ ಪತ್ರಿಕೆಯ ಆಯೋಗ 2024ರಲ್ಲಿ ಪಟ್ಟಿ ಮಾಡಿದ, ಮರೆವಿನ ಕಾಯಿಲೆಗೆ ದಾರಿಯಾಗುವ, ನಾವು ತಡೆಯಬಹುದಾದ 14 ಕಾರಣಗಳಲ್ಲಿ ಈ ನಾಲ್ಕೂ ಇವೆ. ಎಂಟು ವರ್ಷ ಅಮ್ಮನನ್ನು ಡಾಕ್ಟರ ಹತ್ತಿರ ಕರೆದೊಯ್ದ ನೀವು ನಿಮಗೋಸ್ಕರ ಒಂದು ಸಲವೂ ಹೋಗಿರಲಾರಿರಿ ಎಂಬುದು ನನ್ನ ಅಂದಾಜು.

ಇನ್ನು ಆ ಎಂಟು ಗಂಟೆಯ ನಿದ್ದೆ. ಎಂಟು ವರ್ಷ ಎಂದರೆ ಹೆಚ್ಚುಕಡಿಮೆ 2,900 ರಾತ್ರಿ. ಮಂಚ ಕಿರ್ ಎಂದರೆ ಎದ್ದು ಕೂತಿದ್ದೀರಿ. ಬಾಗಿಲಿಗೆ ಚಿಲಕ ಹಾಕಿದೆನಾ, ಗ್ಯಾಸ್ ಆರಿಸಿದೆನಾ, ಉಸಿರಾಡುತ್ತಿದ್ದಾಳಾ ಎಂದು ಕತ್ತಲಲ್ಲಿ ಕಿವಿಗೊಟ್ಟಿದ್ದೀರಿ. ಕಾವಲು ಮುಗಿದ ರಾತ್ರಿ ದೇಹ ಬಿದ್ದುಕೊಂಡಿತು. ಪ್ರೀತಿ ಇತ್ತೋ ಇಲ್ಲವೋ ಎಂದು ಅದರಿಂದ ಅಳೆಯಲು ಹೋಗಬೇಡಿ. ಇಂಥ ನಿದ್ದೆಯನ್ನು ತಪ್ಪೊಪ್ಪಿಗೆಯ ಹಾಗೆ ತಲೆ ತಗ್ಗಿಸಿ ಹೇಳಿಕೊಂಡವರು ನನ್ನ ಹತ್ತಿರ ಬಹಳ ಜನ ಬಂದಿದ್ದಾರೆ. ಎಲ್ಲರೂ ಚೆನ್ನಾಗಿ ನೋಡಿಕೊಂಡವರೇ.

ಅಳು ಬರಲಿಲ್ಲ ಎನ್ನುತ್ತೀರಿ. ಅದು ಮುಂಚೆಯೇ ಬಂದು ಹೋಗಿರಬೇಕು. ಸಾರಿಗೆ ಎರಡೆರಡು ಸಲ ಉಪ್ಪು ಬಿದ್ದ ದಿನ, ಬ್ಯಾಂಕಿನ ಕೌಂಟರಿನಲ್ಲಿ ಪೆನ್ನು ಹಿಡಿದು ಸಹಿ ನೆನಪಾಗದೆ ನಿಂತ ದಿನ, ‘ನೀನು ಯಾರ ಮಗಳಮ್ಮಾ?’ ಎಂದು ಹೆತ್ತವಳೇ ಕೇಳಿದ ದಿನ. ಈ ಕಾಯಿಲೆ ಬಂದ ಮನೆಗಳಲ್ಲಿ ಇಂಥ ದಿನಗಳು ಒಂದರ ಹಿಂದೊಂದು ಬರುತ್ತವೆ. ಅಮೆರಿಕದ ಪೌಲೀನ್ ಬಾಸ್ ಎಂಬವರು 1970ರ ದಶಕದಲ್ಲಿ ವಿಯೆಟ್ನಾಂ ಯುದ್ಧದಲ್ಲಿ ಕಾಣೆಯಾದ ಸೈನಿಕರ ಮನೆಯವರನ್ನು ಕಂಡು ಮಾತಾಡಿಸಿದರು. ಗಂಡ ಸತ್ತ ಎನ್ನುವ ಹಾಗಿಲ್ಲ, ಬದುಕಿದ್ದಾನೆ ಎನ್ನುವ ಹಾಗಿಲ್ಲ. ಆ ತ್ರಿಶಂಕು ದುಃಖಕ್ಕೆ ಅವರು ‘ಆಂಬಿಗ್ಯುಅಸ್ ಲಾಸ್’, ಅಂದರೆ ಇದೆಯೋ ಇಲ್ಲವೋ ತಿಳಿಯದ ಅಗಲಿಕೆ, ಎಂದು ಹೆಸರು ಕೊಟ್ಟರು. ಮುಂದೆ ಅದೇ ಹೆಸರನ್ನು ಮರೆವಿನ ಕಾಯಿಲೆಯ ಮನೆಗಳಿಗೂ ಬಳಸಿದರು. ಸೈನಿಕನ ಹೆಂಡತಿಯ ಎದುರು ದೇಹವಿಲ್ಲ, ನಿಮ್ಮೆದುರು ದೇಹವಿತ್ತು, ಅಮ್ಮ ಇರಲಿಲ್ಲ. ಆ ಅಗಲಿಕೆಗೆ ಸೂತಕವಿಲ್ಲ, ಹನ್ನೊಂದನೇ ದಿನವಿಲ್ಲ, ಬಂದು ಕೈ ಹಿಡಿದು ಕೂರುವ ನೆಂಟರಿಲ್ಲ. ಒಲೆಯ ಮುಂದೆ ನಿಂತು ಅತ್ತು, ಸೆರಗಿನಲ್ಲಿ ಒರೆಸಿಕೊಂಡು, ಗಂಜಿ ಕಲಸಲು ಹೋಗಿರುತ್ತೀರಿ. ಮಣ್ಣು ಮಾಡುವ ಹೊತ್ತಿಗೆ ಉಳಿದದ್ದು ಆಯಾಸ ಮಾತ್ರ.

ಈಗ ನಿಮ್ಮ ನಿಜವಾದ ಪ್ರಶ್ನೆಗೆ ಬರೋಣ. ಹಳೆಯ ಅಮ್ಮ ಏಕೆ ಬರುತ್ತಿಲ್ಲ?

ದಿನಾ ನೋಡುವ ಮುಖವನ್ನು ಮಿದುಳು ದಿನಾ ಚೂರು ಚೂರು ತಿದ್ದಿಕೊಳ್ಳುತ್ತದೆ. ಬೆಳೆಯುವ ಮಗುವಿನ ಹೋದ ವರ್ಷದ ಮುಖ ಫೋಟೊ ನೋಡದೆ ತಾಯಿಗೂ ಸುಲಭಕ್ಕೆ ಕಣ್ಣಿಗೆ ಬರುವುದಿಲ್ಲ. ಇದರ ಜೊತೆಗೆ ಗಾಬರಿ. ಮಿದುಳಿನೊಳಗೆ ಅಮಿಗ್ಡಲಾ ಎಂಬ ಬಾದಾಮಿ ಆಕಾರದ ಭಾಗವಿದೆ. ಹೆದರಿಕೆಯ ಹೊತ್ತಿನಲ್ಲಿ ಅದು ಚುರುಕಾಗಿ, ನೆನಪು ಕೂಡಿಡುವ ಪಕ್ಕದ ಹಿಪೊಕ್ಯಾಂಪಸ್‌ನಲ್ಲಿ ಆ ಕ್ಷಣ ಆಳವಾಗಿ ಊರುವಂತೆ ಮಾಡುತ್ತದೆ. ಗಂಜಿ ನೆತ್ತಿಗೇರಿ ಉಸಿರು ಸಿಕ್ಕಿಕೊಂಡ ರಾತ್ರಿ, ಬೆನ್ನಿನ ಹುಣ್ಣು ಮೊದಲ ಸಲ ಕಂಡ ಬೆಳಗ್ಗೆ ಹೀಗೆ ಊರಿಕೊಂಡಿವೆ. ಸುಖವಾಗಿ ಕೂತು ಕಾಫಿ ಕುಡಿದ ಸಾವಿರ ಸಂಜೆಗಳಿಗೆ ಆ ಅದೃಷ್ಟವಿಲ್ಲ.

ಕೊನೆ ಎನ್ನುವುದು ಮಿಕ್ಕಿದ್ದಕ್ಕೆಲ್ಲ ಬಣ್ಣ ಬಳಿಯುತ್ತದೆ. 1993ರಲ್ಲಿ ಮನಶ್ಶಾಸ್ತ್ರಜ್ಞ ಡೇನಿಯಲ್ ಕಾನೆಮನ್ ಮತ್ತು ಜೊತೆಯವರು ಒಂದು ಸಣ್ಣ ಪ್ರಯೋಗ ಪ್ರಕಟಿಸಿದರು. ಒಂದು ಸಲ 14 ಡಿಗ್ರಿಯ ಕೊರೆಯುವ ನೀರಿನಲ್ಲಿ ಒಂದು ನಿಮಿಷ ಕೈ ಇಡಬೇಕು. ಇನ್ನೊಂದು ಸಲ ಅದೇ ಒಂದು ನಿಮಿಷ, ಮೇಲೆ ಇನ್ನರ್ಧ ನಿಮಿಷ. ಆ ಅರ್ಧ ನಿಮಿಷದಲ್ಲಿ ನೀರನ್ನು ಮೆಲ್ಲಗೆ 15 ಡಿಗ್ರಿಗೆ ತರುತ್ತಿದ್ದರು. ಯಾವುದನ್ನು ಮತ್ತೆ ಮಾಡುತ್ತೀರಿ ಎಂದು ಕೇಳಿದಾಗ ಹೆಚ್ಚಿನವರು ಆರಿಸಿಕೊಂಡದ್ದು ಉದ್ದದ ನೋವನ್ನೇ, ಕೊನೆ ಒಂದಿಷ್ಟು ಹಿತವಾಗಿತ್ತು ಎಂಬ ಕಾರಣಕ್ಕೆ. ನೆನಪು ಗಡಿಯಾರ ಇಟ್ಟುಕೊಂಡು ಲೆಕ್ಕ ಹಾಕುವುದಿಲ್ಲ. ತೀರಾ ತೀವ್ರವಾದ ಕ್ಷಣ, ಕೊನೆಯ ಕ್ಷಣ, ಇವೆರಡನ್ನು ಹಿಡಿದುಕೊಂಡು ಇಡೀ ಅನುಭವಕ್ಕೆ ಬೆಲೆ ಕಟ್ಟುತ್ತದೆ. ನಿಮ್ಮ 53 ವರ್ಷದಲ್ಲಿ 44 ವರ್ಷ ಅಮ್ಮ ಕಾಯಿಲೆಯಿಲ್ಲದೆ ಓಡಾಡಿಕೊಂಡಿದ್ದರು. ಎರಡು ವರ್ಷದ ಮಂಚ ಅಷ್ಟನ್ನೂ ಮುಚ್ಚಿಕೊಂಡಿದೆ.

ಮನೆಯನ್ನೂ ಒಮ್ಮೆ ನೋಡಿ. ಕಾಯಿಲೆಯ ಅಮ್ಮನನ್ನು ಕರೆಯುವ ವಸ್ತುಗಳೆಲ್ಲ ಕಣ್ಣೆದುರಿಗಿವೆ: ಮಂಚ ಇದ್ದ ಜಾಗ, ಮಾತ್ರೆ ಡಬ್ಬಿ, ಡೆಟಾಲ್ ವಾಸನೆ, ಉಳಿದ ಡೈಪರ್ ಕಟ್ಟು. ಹೊಲಿಯುವ ಅಮ್ಮನನ್ನು ಕರೆಯುವ ವಸ್ತು ಮಹಡಿಯ ಮೇಲಿದೆ. ನೆನಪು ಹೆಚ್ಚಾಗಿ ತಾನಾಗಿ ಬರುವುದಿಲ್ಲ, ಯಾವುದಾದರೂ ವಸ್ತುವೋ ವಾಸನೆಯೋ ಬಂದು ಕರೆಯಬೇಕು.

ವೈದ್ಯಶಾಸ್ತ್ರವೂ ಒಬ್ಬ ಹೆಂಗಸಿಗೆ ಇದನ್ನೇ ಮಾಡಿದೆ. 1901ರ ನವೆಂಬರಿನಲ್ಲಿ ಜರ್ಮನಿಯ ಫ್ರಾಂಕ್‌ಫರ್ಟ್‌ನ ಆಸ್ಪತ್ರೆಗೆ ಆಗುಸ್ಟೆ ಡೀಟರ್ ಎಂಬ 51 ವರ್ಷದ ಹೆಂಗಸನ್ನು ಸೇರಿಸಿದರು. ಹೆಸರು ಬರೆ ಎಂದರೆ ಅರ್ಧಕ್ಕೆ ನಿಲ್ಲಿಸಿ, ‘ನಾನು ನನ್ನನ್ನೇ ಕಳೆದುಕೊಂಡಿದ್ದೇನೆ’ ಎನ್ನುತ್ತಿದ್ದರಂತೆ. ನೋಡಿದ ವೈದ್ಯರು ಅಲೋಯಿಸ್ ಅಲ್ಜೈಮರ್. ಆಕೆ 1906ರಲ್ಲಿ ತೀರಿಕೊಂಡರು, ಆ ವರ್ಷವೇ ಅಲ್ಜೈಮರ್ ಆಕೆಯ ಮಿದುಳಿನ ವಿವರವನ್ನು ವೈದ್ಯರ ಸಭೆಯಲ್ಲಿ ಇಟ್ಟರು. ಆಕೆಗೆ ಗಂಡ ಇದ್ದ, ಮಗಳಿದ್ದಳು, ನಡೆಸಿಕೊಂಡು ಬಂದ ಸಂಸಾರವಿತ್ತು. ಇವತ್ತು ಪಠ್ಯಪುಸ್ತಕಗಳಲ್ಲಿ ಉಳಿದಿರುವುದು ಆಸ್ಪತ್ರೆಯ ಅಂಗಿ ತೊಟ್ಟು ಮೊಣಕಾಲ ಮೇಲೆ ಕೈಕಟ್ಟಿ ಕೂತ ಒಂದು ಫೋಟೊ. ವಿದ್ಯಾರ್ಥಿಯಾಗಿದ್ದಾಗ ಅದನ್ನು ಎಷ್ಟೋ ಸಲ ನೋಡಿದ್ದೆ. ಆ ಮಗಳಿಗೆ ಅಮ್ಮ ಹೇಗೆ ನೆನಪಾಗುತ್ತಿದ್ದಳು ಎಂಬ ಪ್ರಶ್ನೆ ನನ್ನ ತಲೆಗೆ ಬಂದದ್ದು ನನ್ನ ಅಪ್ಪ ಹಾಸಿಗೆ ಹಿಡಿದ ಮೇಲೆ.

ಈಗ ನಿಮ್ಮ ಪತ್ರದ ಒಂದು ಸಾಲಿಗೆ ಹೋಗುತ್ತೇನೆ. ನೀವು ಅದನ್ನು ಕಾಯಿಲೆಯ ಪಟ್ಟಿಯಲ್ಲಿ ಸೇರಿಸಿದ್ದೀರಿ, ನನಗೆ ಹಾಗೆ ಕಾಣಲಿಲ್ಲ. ‘ಹೊದಿಕೆಯ ಅಂಚನ್ನು ಮಡಿಸಿ ಮಡಿಸಿ ಉಗುರಿನಲ್ಲಿ ಗೀರುತ್ತಿದ್ದ ಕೈ’.

ಹಾಸಿಗೆ ಹಿಡಿದವರು ಹೊದಿಕೆ ಎಳೆಯುವುದು, ಗಾಳಿಯಲ್ಲಿ ಏನೋ ಹಿಡಿಯುವುದು ಉಂಟು. ಜ್ವರ, ಸೋಂಕು ಇದ್ದಾಗ ಹೆಚ್ಚು. ಅದರಲ್ಲಿ ಕ್ರಮ ಇರುವುದಿಲ್ಲ, ಸಿಕ್ಕಿದ್ದನ್ನು ಕೆದಕುತ್ತಾರೆ. ನೀವು ಬರೆದದ್ದರಲ್ಲಿ ಕ್ರಮವಿದೆ. ಅಂಚು, ಮಡಿಕೆ, ಉಗುರಿನ ಗೀರು, ಮತ್ತೆ ಮಡಿಕೆ. ಸೀರೆಗೆ ಫಾಲ್ಸ್ ಹಚ್ಚುವವರ, ರವಿಕೆಗೆ ಹೆಮ್ಮಿಂಗ್ ಮಾಡುವವರ ಕೈಯನ್ನು ನೆನಪಿಸಿಕೊಳ್ಳಿ. ಬಟ್ಟೆಯ ಅಂಚನ್ನು ಕಾಲಿಂಚು ಮಡಿಸಿ, ಹೆಬ್ಬೆರಳ ಉಗುರಿನಿಂದ ಗೀರಿ ಕೂರಿಸಿ, ದಾರ ಬಿಟ್ಟ ತುದಿ ಕಾಣದ ಹಾಗೆ ಇನ್ನೊಮ್ಮೆ ಮಡಿಸಿ, ಆಮೇಲೆ ಸೂಜಿ ಹಿಡಿಯುತ್ತಾರೆ. ಮೂವತ್ತು ನಲವತ್ತು ವರ್ಷ ಮಾಡಿದ ಕೈಕೆಲಸದ ನೆನಪಿಗೆ ಮಿದುಳಿನಲ್ಲಿ ಬೇರೆಯೇ ದಾರಿಗಳಿವೆ. ಹೆಸರು, ಮುಖ, ತಾರೀಖುಗಳ ದಾರಿ ಮುಚ್ಚಿದ ಮೇಲೂ ಅವು ಬಹಳ ಕಾಲ ತೆರೆದಿರುತ್ತವೆ. ಹಾಡು ಮರೆಯದವರನ್ನು, ಜಪಮಣಿ ಎಣಿಸುವವರನ್ನು, ಹೂ ಕಟ್ಟುವ ಹಾಗೆ ಬೆರಳಾಡಿಸುವವರನ್ನು ನಾನು ನೋಡಿದ್ದೇನೆ. ನಿಮ್ಮ ತಾಯಿಯ ಪಕ್ಕದಲ್ಲಿ ಕೂತು ನೋಡಿದವನು ನಾನಲ್ಲ, ಹೌದೇ ಹೌದು ಎನ್ನುವ ಅಧಿಕಾರ ನನಗಿಲ್ಲ. ನೋಡಿದವರು ನೀವು. ಆ ಕೈಯನ್ನೇ ಮತ್ತೊಂದು ಸಲ ನೋಡಿ. ಎಡಗೈ ಅಂಚನ್ನು ಬಿಗಿಯಾಗಿ ಹಿಡಿದಿತ್ತೇ? ಬಲಗೈ ಒಂದೇ ದಿಕ್ಕಿಗೆ ಸರಿದುಕೊಂಡು ಹೋಗುತ್ತಿತ್ತೇ? ತುದಿ ಮುಟ್ಟಿದ ಮೇಲೆ ಅಂಗೈಯಿಂದ ಒಮ್ಮೆ ಸವರುತ್ತಿದ್ದರೇ?

ಹಾಗಿದ್ದರೆ ಆ ಮಂಚದ ಮೇಲೆ ಎರಡು ವರ್ಷ ನಿಮ್ಮೆದುರು ಇದ್ದವರು ಊರವರ ರವಿಕೆ ಹೊಲಿದ ಅಮ್ಮನೇ.

ಆ ಕೈಯಿಂದಲೇ ಹಿಂದಕ್ಕೆ ನಡೆಯಿರಿ, ಮುಖವನ್ನು ಹುಡುಕಬೇಡಿ. ಹೊಲಿದು ಮುಗಿಸಿ ದಾರವನ್ನು ಕತ್ತರಿಯಲ್ಲಿ ಕತ್ತರಿಸುತ್ತಿದ್ದರೇ, ಹಲ್ಲಿನಲ್ಲೇ ಕಡಿಯುತ್ತಿದ್ದರೇ? ಗುಂಡುಪಿನ್ನು ತುಟಿಯ ನಡುವೆ ಇಟ್ಟುಕೊಂಡೇ ನಿಮ್ಮನ್ನು ಗದರುತ್ತಿದ್ದರೇ? ಸೂಜಿಗೆ ದಾರ ಪೋಣಿಸಲು ನಿಮ್ಮನ್ನು ಕರೆಯಲು ಶುರುಮಾಡಿದ್ದು ಯಾವಾಗ? ಗೌರಿಹಬ್ಬದ ಹಿಂದಿನ ರಾತ್ರಿ ಮಿಷನ್ನಿನ ಸದ್ದು ಎಷ್ಟು ಹೊತ್ತಿನವರೆಗೆ ಕೇಳುತ್ತಿತ್ತು, ಆ ಸದ್ದಿಗೇ ನಿಮಗೆ ನಿದ್ದೆ ಬರುತ್ತಿತ್ತೇ? ‘ಅಮ್ಮ ಹೇಗಿದ್ದಳು’ ಎಂದು ಕೇಳಿಕೊಂಡರೆ ಮನಸ್ಸು ಸುಮ್ಮನಾಗುತ್ತದೆ, ಅಷ್ಟು ದೊಡ್ಡ ಪ್ರಶ್ನೆಗೆ ಉತ್ತರವಾಗಿ ಮತ್ತೆ ಆ ಪೈಪಿನ ಮುಖವೇ ಬರುತ್ತದೆ. ‘ಮಳೆ’, ‘ಬೀಗ’, ‘ಸಂತೆ’, ‘ಜ್ವರ’, ‘ಹೊಸ ಚಪ್ಪಲಿ’ ಎಂದು ಒಂದೊಂದು ಪದ ಚೀಟಿಯಲ್ಲಿ ಬರೆದುಕೊಂಡು, ಆ ಪದ ಇರುವ ಅಮ್ಮನ ಒಂದು ದಿನ ನೆನಪಾಗುತ್ತದಾ ನೋಡಿ. ಕೆಲವು ಚೀಟಿ ಖಾಲಿ ಉಳಿಯುತ್ತವೆ, ಉಳಿಯಲಿ. ಮಿಷನ್ನಿಗೆ ಬಿಡುವ ಎಣ್ಣೆಯ ವಾಸನೆ ನೋಡಿ. ವಾಸನೆಯಿಂದ ಅಮಿಗ್ಡಲಾ, ಹಿಪೊಕ್ಯಾಂಪಸ್‌ಗೆ ಇರುವ ದಾರಿ ಉಳಿದ ಇಂದ್ರಿಯಗಳ ದಾರಿಗಿಂತ ಹತ್ತಿರದ್ದು.

ನನ್ನ ಅಪ್ಪ ಬಸ್ ಕಂಡಕ್ಟರ್ ಆಗಿದ್ದರು. ಒಂಬತ್ತು ವರ್ಷ ಪಾರ್ಕಿನ್ಸನ್ಸ್. ಆ ಕಾಯಿಲೆಯಲ್ಲಿ ಮುಖದ ಸ್ನಾಯು ಬಿಗಿದುಕೊಂಡು ನಗು ಹೊರಗೆ ಕಾಣುವುದಿಲ್ಲ, ಒಳಗೆ ಸಂತೋಷವಿದ್ದರೂ ಎದುರಿಗಿರುವವರಿಗೆ ಕಲ್ಲಿನ ಮುಖ. ವೈದ್ಯನಾಗಿ ನನಗೆ ಇದು ಗೊತ್ತಿತ್ತು, ಮಗನಾಗಿ ಆ ಕಲ್ಲಿನ ಮುಖವೇ ಉಳಿದುಬಿಟ್ಟಿತು. ಹೋಗಿ ಎರಡು ವರ್ಷದ ಮೇಲೆ ದೇವರಾಜ ಮಾರುಕಟ್ಟೆಯಲ್ಲಿ ಸೊಪ್ಪು ಕೊಳ್ಳುತ್ತಿದ್ದೆ. ಚಿಲ್ಲರೆ ಕೊಡಲು ಕೈ ಚಾಚಿದಾಗ ನೋಡಿದರೆ, ನೋಟುಗಳನ್ನು ಉದ್ದಕ್ಕೆ ಮಡಿಸಿ ಬೆರಳ ಸಂದಿಯಲ್ಲಿ ಸಿಕ್ಕಿಸಿಕೊಂಡಿದ್ದೇನೆ. ಹತ್ತರದ್ದು ಒಂದು ಸಂದಿ, ಇಪ್ಪತ್ತರದ್ದು ಇನ್ನೊಂದು. ಯಾವಾಗಿನಿಂದ ಹಾಗೆ ಹಿಡಿಯುತ್ತಿದ್ದೆನೋ ಗೊತ್ತಿಲ್ಲ. ಅಲ್ಲೇ ನಿಂತಾಗ ಅಪ್ಪ ಬಂದರು. ಡ್ಯೂಟಿ ಮುಗಿಸಿ ಬಂದು ಖಾಕಿ ಅಂಗಿಯಲ್ಲೇ ಚಾಪೆಯ ಮೇಲೆ ಕೂತು, ಬೆರಳ ಸಂದಿಯಿಂದ ಒಂದು ನೋಟು ತೆಗೆದು ‘ರೈಟ್’ ಎನ್ನುತ್ತ ನನ್ನ ಜೇಬಿಗೆ ಇಡುತ್ತಿದ್ದರು. ಆ ಮುಖದಲ್ಲಿ ನಗು ಇತ್ತು. ಸೊಪ್ಪಿನವಳು ‘ಯಾಕ್ ಸಾರ್?’ ಎಂದು ಕೇಳಿದಳು, ಏನು ಹೇಳಿದೆನೋ ನೆನಪಿಲ್ಲ.

ನಿಮ್ಮ ಅಣ್ಣನ ವಿಷಯ ನನ್ನನ್ನು ಇನ್ನೂ ಹೆಚ್ಚು ಯೋಚನೆಗೆ ಹಚ್ಚಿತು. ಸಿಟ್ಟು ನ್ಯಾಯವಾದದ್ದೇ, ಅದನ್ನು ನುಂಗಿಕೊಳ್ಳಿ ಎಂದು ಹೇಳಲಾರೆ. ದುಡ್ಡು ಕಳಿಸುವುದಕ್ಕೂ ರಾತ್ರಿ ಮೂರಕ್ಕೆ ಎದ್ದು ಬಟ್ಟೆ ಬದಲಿಸುವುದಕ್ಕೂ ತಾಳೆ ಹಾಕಲಾಗದು. ಆದರೆ ಒಂದು ಮಾತು. ಅಣ್ಣನ ತಲೆಯಲ್ಲಿ ಹಳೆಯ ಅಮ್ಮ ಹಾಳಾಗದೆ ಉಳಿದದ್ದು ಅವರು ಇಲ್ಲಿ ಇರಲಿಲ್ಲ ಎಂಬ ಕಾರಣಕ್ಕೆ. ನಿಮ್ಮ ಹಾಗೆ ದಿನದಿನವೂ ತಿದ್ದಿಕೊಳ್ಳುವ ಪ್ರಸಂಗ ಅವರಿಗೆ ಬರಲಿಲ್ಲ. ನೀವು ಕಳೆದುಕೊಂಡ ಅಮ್ಮ ಅವರ ಹತ್ತಿರ ಸುರಕ್ಷಿತವಾಗಿದ್ದಾರೆ. ಕೊನೆಯ ಎಂಟು ವರ್ಷದ ಅಮ್ಮ ಅವರ ಹತ್ತಿರ ಇಲ್ಲವೇ ಇಲ್ಲ. ವಿಡಿಯೋ ಕಾಲಿನಲ್ಲಿ ಹತ್ತು ನಿಮಿಷ ಕಂಡ, ನೀವು ತಲೆ ಬಾಚಿ ಕೂರಿಸಿದ ಒಂದು ಮುಖ, ಅಷ್ಟೇ. ಅವರು ಫೋನಿನಲ್ಲಿ ಅಳುವುದರಲ್ಲಿ ಅದೂ ಸೇರಿರಬಹುದು. ದೂರ ಇರುವ ಗಂಡುಮಕ್ಕಳು ನನ್ನ ಹತ್ತಿರ ಹೇಳಿಕೊಂಡದ್ದು ಇದನ್ನೇ: ‘ತಂಗಿ ಎದುರು ಕಾಯಿಲೆಯ ಮಾತು ಎತ್ತೋಕೆ ನನಗೆ ಮುಖವಿಲ್ಲ ಸಾರ್, ಅದಕ್ಕೇ ಹಳೇದನ್ನೇ ಹೇಳ್ತೀನಿ.’

ಆದ್ದರಿಂದ ನಾಲ್ಕು ಪುಟವನ್ನು ನೀವೊಬ್ಬರೇ ಬರೆಯಬೇಡಿ. ಅವರು ಬಂದ ಮೇಲೆ ತಿಥಿಗೆ ಮುಂಚೆ ಒಂದು ಮಧ್ಯಾಹ್ನ ಇಬ್ಬರೇ ಕೂರಿ, ನೆಂಟರು ಬೇಡ. ಅವರು ಹೇಳಲಿ, ನೀವು ಕೇಳಿ. ಕೇಳುವಾಗ ‘ಒಳ್ಳೇಳು, ತ್ಯಾಗಮಯಿ’ ಎಂಬ ಮಾತು ಬಂದರೆ ಅಲ್ಲೇ ತಡೆದು ‘ಯಾವತ್ತು? ಏನಾಯ್ತು?’ ಎಂದು ಕೇಳಿ. ನಿಮಗೆ ಬೇಕಾದದ್ದು ದಿನ, ಜಾಗ, ಮಾತು. ಎಲ್ಲೋ ಒಂದು ಕಡೆ ‘ಇಲ್ಲ ಅಣ್ಣ, ಹಾಗಲ್ಲ ಆಗಿದ್ದು’ ಎಂದು ನಿಮ್ಮ ಬಾಯಿಂದ ಬರುತ್ತದೆ. ಅದು ಬಂತೆಂದರೆ ಹಳೆಯ ಅಮ್ಮನ ಕಡೆಯ ಬಾಗಿಲು ತೆಗೆದುಕೊಂಡಿತೆಂದೇ ತಿಳಿಯಿರಿ, ಏಕೆಂದರೆ ತಿದ್ದಲು ನಿಮ್ಮಲ್ಲೂ ನೆನಪು ಇರಬೇಕಲ್ಲ. ಆಮೇಲೆ ನಿಮ್ಮ ಸರದಿ. ಮುಸ್ಸಂಜೆಯಾದರೆ ‘ಮನೆಗೆ ಹೋಗಬೇಕು’ ಎಂದು ಬಾಗಿಲಿಗೆ ಬರುತ್ತಿದ್ದದ್ದು, ನೀವು ಒಂದು ಸುತ್ತು ಬೀದಿ ತಿರುಗಿಸಿಕೊಂಡು ಬಂದು ‘ಬಂತು ನೋಡು ಮನೆ’ ಎಂದದ್ದು, ಇಂಥದ್ದು ನಿಮ್ಮಲ್ಲಿ ಇದ್ದೇ ಇರುತ್ತದೆ. ಅವರನ್ನು ಚುಚ್ಚುವುದಕ್ಕೆ ಹೇಳಬೇಡಿ. ಅವರ ಅಮ್ಮನ ಎಂಟು ವರ್ಷ ಅವರಿಗೆ ಗೊತ್ತಾಗಬೇಕು, ಅದಕ್ಕೆ ಹೇಳಿ.

ನೆರೆಹೊರೆಯಲ್ಲೂ ವಿಚಾರಿಸಿ. ನಿಮ್ಮ ತಾಯಿ ಹೊಲಿದ ರವಿಕೆ ಯಾರದ್ದಾದರೂ ಟ್ರಂಕಿನಲ್ಲಿ ಇನ್ನೂ ಇರುತ್ತದೆ, ಮದುವೆ ರವಿಕೆಯನ್ನು ಹೆಂಗಸರು ಬಿಸಾಡುವುದಿಲ್ಲ. ತೆಗೆಸಿ ಒಳಮಗ್ಗುಲು ನೋಡಿ. ಅಳತೆ ಬರೆದಿಟ್ಟ ಹಳೆಯ ನೋಟ್‌ಬುಕ್ಕು ಮಿಷನ್ನಿನ ಡ್ರಾಯರಿನಲ್ಲಿ ಸಿಕ್ಕರೆ, ನಿಮ್ಮ ನಾಲ್ಕು ಪುಟದಲ್ಲಿ ಒಂದು ಪುಟ ಅದರ ಫೋಟೊವೇ ಆಗಲಿ.

ನಮ್ಮ ಹಳೇ ಮೈಸೂರು ಕಡೆಯ ಎಡೆ ಇಡುವ ಪದ್ಧತಿಯಲ್ಲಿ ನನಗೆ ಬಹಳ ಹಿಡಿಸುವುದು ಒಂದಿದೆ. ಹೋದವರಿಗೆ ಏನು ಇಷ್ಟವಿತ್ತೋ ಅದನ್ನೇ ಬಡಿಸುತ್ತೇವೆ. ಕೊನೆಯ ವರ್ಷಗಳಲ್ಲಿ ಪೈಪಿನಲ್ಲಿ ಇಳಿದ ಗಂಜಿಯನ್ನು ಯಾರೂ ಎಡೆಗೆ ಇಡುವುದಿಲ್ಲ. ಮಹಾಲಯ ಅಮಾವಾಸ್ಯೆಗೆ ಕರೆಯುವುದು ಉಂಡು, ತಿಂದು, ಇದು ಬೇಕು ಅದು ಬೇಡ ಎನ್ನುತ್ತಿದ್ದ ಮನುಷ್ಯರನ್ನು. ನಿಮ್ಮ ತಾಯಿಯ ಎಡೆಗೆ ಏನು ಮಾಡಬೇಕೆಂದು ನಿಮಗೆ ಗೊತ್ತಲ್ಲವೇ? ಚಿತ್ರಾನ್ನಕ್ಕೆ ಕಡಲೆಬೀಜ ಹಾಕಬೇಕೋ ಬೇಡವೋ, ಒಬ್ಬಟ್ಟು ಬೇಳೆಯದೋ ಕಾಯಿಯದೋ ಎಂದು ಯಾರನ್ನೂ ಕೇಳದೆ ಮಾಡುತ್ತೀರಿ. ಬರುವುದೇ ಇಲ್ಲ ಎಂದು ನೀವು ಬರೆದ ಅಮ್ಮನ ರುಚಿ ನಿಮ್ಮ ಕೈಗೆ ಗೊತ್ತಿದೆ.

ಆ ಏಟಿನ ಬಗ್ಗೆ. ಅದು ತಪ್ಪೇ ಅಲ್ಲ ಎಂದರೆ ನೀವೇ ನನ್ನನ್ನು ನಂಬುವುದಿಲ್ಲ. ಹೊಡೆಯಬಾರದಿತ್ತು. ಮೂರನೇ ಸಲ ಎದ್ದ ಆ ರಾತ್ರಿ ನಿಮ್ಮನ್ನು ಬಿಡಿಸಲು ಮನೆಯಲ್ಲಿ ಇನ್ನೊಂದು ಜೀವ ಇರಬೇಕಿತ್ತು, ಇರಲಿಲ್ಲ. ಎರಡೂ ನಿಜ. ಇದನ್ನು ಹೊತ್ತುಕೊಂಡವರು ನೀವು ಒಬ್ಬರೇ ಅಲ್ಲ. ನೋಡಿಕೊಳ್ಳುವವರಲ್ಲಿ ಬಹಳ ಜನರ ಮನಸ್ಸಿನಲ್ಲಿ ಇಂಥ ಒಂದು ರಾತ್ರಿ ಇರುತ್ತದೆ, ಮನೆಯ ಮರ್ಯಾದೆಗೆ ಹೆದರಿ ಹೇಳುವುದಿಲ್ಲ. ನಿಮ್ಮ ತಾಯಿ ನಿಮ್ಮನ್ನು ‘ಅಮ್ಮಾ’ ಎಂದದ್ದು ನಿಮಗೆ ಎಲ್ಲಕ್ಕಿಂತ ಹೆಚ್ಚು ಸುಡುತ್ತಿದೆ. ರಿಬೊ ಹೇಳಿದ್ದನ್ನು ನೆನೆಯಿರಿ. ಹಿಂದೆ ಹಿಂದೆ ಸರಿದು ಆ ಹೊತ್ತಿಗೆ ಅವರು ತಾವಿನ್ನೂ ಮಗುವಾಗಿದ್ದ ಕಾಲಕ್ಕೆ ಹೋಗಿದ್ದರು. ನೀವು ಹುಟ್ಟಿರದ ಕಾಲ ಅದು, ಅಲ್ಲಿ ಮಗಳಿಗೆ ಜಾಗವೇ ಇರಲಿಲ್ಲ. ದಿನಾ ಉಣ್ಣಿಸುವ, ಮೈ ಒರೆಸುವ, ಪಕ್ಕದಲ್ಲೇ ಮಲಗುವ ಹೆಂಗಸು ಆ ಲೋಕದಲ್ಲಿ ಯಾರಾಗಿರಲು ಸಾಧ್ಯ? ನಿಮ್ಮ ಕೈಗೆ ಅವರು ಕೊಟ್ಟ ಹೆಸರು ಒಂದೇ ರಾತ್ರಿಯಲ್ಲಿ ಬಂದದ್ದಲ್ಲ. ಇದನ್ನು ನಾಲ್ಕು ಪುಟದಲ್ಲಿ ಬರೆಯಬೇಡಿ. ಆದರೆ ಒಬ್ಬರಿಗಾದರೂ ಬಾಯಿಬಿಟ್ಟು ಹೇಳಿ. ನನಗೆ ಬರೆದದ್ದು ಮೊದಲ ಹೆಜ್ಜೆ, ಎದುರಿಗೆ ಕೂತ ಒಬ್ಬರಿಗೆ ಹೇಳುವುದು ಬೇರೆ. ಅಣ್ಣನಿಗೆ ಹೇಳಬಹುದಾ ಎಂಬುದನ್ನು ಆ ಮಧ್ಯಾಹ್ನ ನೀವೇ ನೋಡಿ.

ಇದು ಕಾಯಿಲೆಯಾ ಎಂದು ಕೇಳಿದ್ದೀರಿ. ನೀವು ಬರೆದಷ್ಟರಲ್ಲಿ ಇದು ದುಃಖ, ತಡವಾಗಿ ತನ್ನ ಸರದಿಗೆ ಕಾಯುತ್ತಿರುವ ದುಃಖ. ಆದರೆ ದುಃಖವೂ ಒಂದೇ ಕಡೆ ಹೂತುಕೊಂಡು ಕಾಯಿಲೆಯಾಗುವುದುಂಟು. ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿ ಅದಕ್ಕೆ ಆರು ತಿಂಗಳ ಗಡಿ ಇಟ್ಟಿದೆ, ಅಮೆರಿಕದ ಮನೋವೈದ್ಯರ ಕೈಪಿಡಿ ಒಂದು ವರ್ಷ. ತಿಂಗಳುಗಳ ಲೆಕ್ಕಕ್ಕಿಂತ ಇವನ್ನು ಗಮನಿಸಿ: ಬೆಳಗ್ಗೆ ಏಳಲು ಮನಸ್ಸಿಲ್ಲ, ಊಟ ಸೇರುತ್ತಿಲ್ಲ, ಈಗಲೂ ರಾತ್ರಿ ಎರಡು ಮೂರಕ್ಕೆ ಎಚ್ಚರವಾಗಿ ಮತ್ತೆ ನಿದ್ದೆ ಹತ್ತುತ್ತಿಲ್ಲ, ಯಾರೊಂದಿಗೂ ಮಾತು ಬೇಡ, ನಾನೂ ಹೋಗಿಬಿಟ್ಟರೆ ಸಾಕು ಎಂಬ ಯೋಚನೆ. ಇವುಗಳಲ್ಲಿ ಯಾವುದಾದರೂ ವಾರಗಟ್ಟಲೆ ಇದ್ದರೆ ನಿಮ್ಮ ಜಿಲ್ಲಾಸ್ಪತ್ರೆಯ ಮನೋವೈದ್ಯರನ್ನು ಕಾಣಿ. ಕೊನೆಯ ಯೋಚನೆ ಒಂದು ದಿನ ಬಂದರೂ ಅವತ್ತೇ 14416ಕ್ಕೆ ಫೋನ್ ಮಾಡಿ. ಅದು ಸರ್ಕಾರದ ಟೆಲಿ ಮಾನಸ್, ಹಗಲು ರಾತ್ರಿ ಇರುತ್ತದೆ, ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ.

ಕಾಯಿಲೆಯ ಮುಖ ಬಂದಾಗ ಓಡಿಸಲು ಹೋಗಬೇಡಿ. ಓಡಿಸಿದಷ್ಟೂ ಅದು ಬರುತ್ತದೆ. ಬಂದರೆ ಆ ಕೈಯ ಕಡೆ ಕಣ್ಣು ತಿರುಗಿಸಿ, ಅಂಚು ಮಡಿಸುತ್ತಿರುವುದನ್ನು ನೋಡಿ.

ಮಿಷನ್ನನ್ನು ಕೆಳಗೆ ತರಿಸಿ, ಮಂಚ ಇದ್ದ ಜಾಗದಲ್ಲೇ ಇಡಿ. ಒಬ್ಬರೇ ಎತ್ತಲು ಹೋಗಬೇಡಿ, ಕಾಲ್ಮಿಷನ್ನಿನ ಕೆಳಗಿನ ಎರಕದ ಕಬ್ಬಿಣ ಬಹಳ ಭಾರ, ಮೆಟ್ಟಿಲ ತಿರುವಿನಲ್ಲಿ ಕೈ ಸಿಕ್ಕಿಕೊಳ್ಳುತ್ತದೆ. ಅಣ್ಣ ಬಂದ ಮೇಲೆ ಇಬ್ಬರೂ ಹಿಡಿದು ಇಳಿಸಿ. ಬೆಲ್ಟು ಹರಿದಿರಬಹುದು, ಹೊಸದು ಹಾಕಿಸಿ. ಎರಡು ಹನಿ ಎಣ್ಣೆ ಬಿಟ್ಟು, ಚಕ್ರವನ್ನು ಕೈಯಿಂದ ತಿರುಗಿಸಿ ನೋಡಿ, ಆಮೇಲೆ ಕಾಲಿಡಿ.